ಪಿಟೀಲಿನ ಕಮಾನು: ಹಿಡಿತ ಮತ್ತು ಎಳೆತ

ನಾದೋಪಾಸನೆಯೂ ದೇವತಾರಾಧನೆಯ ಒಂದು ಅಂಗವೆಂಬುದು ಹಿರಿಯರ ತಿಳಿವಳಿಕೆ. ಗುಡಿಯ ಭಜನೆಯಲ್ಲಿ ಹಾಡುವವನ ಪಕ್ಕದಲ್ಲಿ ಪಿಟೀಲು ಹಿಡಿದು ಕುಳಿತವನೂ ಆ ಸೇವೆಯಲ್ಲಿ ಸಮಭಾಗಿಯೇ ಸರಿ. ಆದರೆ ಪಿಟೀಲು ಕಲಿಯತೊಡಗಿದ ಎಳೆಯರಲ್ಲಿ ಅನೇಕರು ಕೆಲವೇ ತಿಂಗಳುಗಳಲ್ಲಿ ವಾದ್ಯವನ್ನು ಅಟ್ಟಕ್ಕೇರಿಸುವುದುಂಟು. ಕಾರಣ ಕೇಳಿದರೆ, ಸ್ವರಸ್ಥಾನ ಸಿಕ್ಕಲಿಲ್ಲವೆಂದು ಎಡಗೈಯನ್ನು ದೂರುತ್ತಾರೆ. ಬಹುಮಟ್ಟಿಗೆ ದೋಷವಿರುವುದು ಬಲಗೈಯಲ್ಲಿ. ಕರ್ಕಶವಾದ ನಾದವನ್ನು ದಿನವೂ ಕೇಳಿ ಕಲಿಯುವವನಿಗೂ ಬೇಸರ, ಮನೆಯವರಿಗೂ ಬೇಸರ.

ಪಾಶ್ಚಾತ್ಯರ ಈ ವಾದ್ಯವನ್ನು ಕರ್ಣಾಟಕ ಸಂಗೀತಕ್ಕೆ ಒಗ್ಗಿಸಿದವರಲ್ಲಿ ಮುತ್ತುಸ್ವಾಮಿ ದೀಕ್ಷಿತರ ತಮ್ಮಂದಿರಾದ ಬಾಲುಸ್ವಾಮಿ ದೀಕ್ಷಿತರು ಮೊದಲಿಗರು. ತಂಜಾವೂರಿನ ವಡಿವೇಲು ಅವರ ವಾದನಕ್ಕೆ ಮೆಚ್ಚಿ ತಿರುವಾಂಕೂರಿನ ಸ್ವಾತಿ ತಿರುನಾಳ್ ಮಹಾರಾಜರು 1834ರಲ್ಲಿ ದಂತದ ಪಿಟೀಲನ್ನು ಬಹುಮಾನವಾಗಿ ಕೊಟ್ಟರೆಂಬುದು ಪ್ರಸಿದ್ಧವಾಗಿದೆ. ಮೈಸೂರು ಟಿ. ಚೌಡಯ್ಯನವರು (1895–1967) ದೊಡ್ಡ ಸಭೆಗಳಲ್ಲಿ ನಾದವು ಕೊನೆಯ ಸಾಲಿನವರಿಗೂ ಮುಟ್ಟಲೆಂದು ಏಳು ತಂತಿಗಳ ಪಿಟೀಲನ್ನೇ ಬಳಕೆಗೆ ತಂದರು. ತಂತಿ ನಾಲ್ಕಿರಲಿ, ಏಳಿರಲಿ, ಅದನ್ನು ನುಡಿಸುವುದು ಕಮಾನೇ.

ಕಮಾನು ನೋಡಲು ಸರಳವಾದ ವಸ್ತು. ತೂಕ ಸುಮಾರು 60 ಗ್ರಾಂ. ಒಳಮುಖವಾಗಿ ಬಾಗಿದ ಒಂದು ಕಡ್ಡಿ, ಅದಕ್ಕೆ ಬಿಗಿದ ಕುದುರೆಯ ಬಾಲದ 150ರಿಂದ 200 ಕೂದಲು, ಬುಡದಲ್ಲಿ ಆ ಕೂದಲನ್ನು ಹಿಡಿದಿರುವ ಕರಿಮರದ ತುಂಡು. ಕಡ್ಡಿಗೆ ಈಗಿನ ಬಾಗು ಸ್ಥಿರವಾದುದು 18ನೆಯ ಶತಮಾನದ ಕೊನೆಯಲ್ಲಿ, ಫ್ರಾನ್ಸಿನ ತೂರ್ತ್ ಎಂಬ ಕುಶಲಿಯ ಕೈಯಲ್ಲಿ. ಕೂದಲಿಗೆ ರಾಳವನ್ನು ಉಜ್ಜಿದರೆ ಮಾತ್ರ ಅದು ತಂತಿಯನ್ನು ಹಿಡಿಯುತ್ತದೆ. ಹಿಡಿದು ಎಳೆಯುವುದು, ತಂತಿ ಜಾರಿಕೊಳ್ಳುವುದು, ಮತ್ತೆ ಹಿಡಿಯುವುದು ಹೀಗೆ ಒಂದು ಸೆಕೆಂಡಿನಲ್ಲಿ ನೂರಾರು ಬಾರಿ ನಡೆದಾಗ ಕಿವಿಗೆ ಅದು ಒಂದೇ ನಾದವಾಗಿ ಕೇಳಿಸುತ್ತದೆ. ಈ ಹಿಡಿತ ಬಿಡುಗಡೆಗಳ ಕ್ರಮಕ್ಕೆ ಅಡ್ಡಿಯಾದರೆ ಕೀರಲು ದನಿ ಹೊರಡುತ್ತದೆ.

ಇನ್ನು ಹಿಡಿಯುವ ಕ್ರಮ. ಬೆರಳುಗಳ ಜೋಡಣೆಯಲ್ಲಿ ಒಂದೊಂದು ಗುರುಪರಂಪರೆಗೂ ಸ್ವಲ್ಪ ಭೇದವಿದೆಯಾದರೂ ಮೂಲತತ್ತ್ವ ಒಂದೇ. ಬಲಗೈಯನ್ನು ಸಡಿಲವಾಗಿ ಇಳಿಬಿಟ್ಟಾಗ ಬೆರಳುಗಳು ಹೇಗೆ ತಾವಾಗಿ ಬಾಗಿರುತ್ತವೆಯೋ ಹಾಗೆಯೇ ಕಮಾನಿನ ಮೇಲೂ ಇರಬೇಕು. ಹೆಬ್ಬೆರಳು ಕರಿಮರದ ತುಂಡಿನ ಅಂಚಿನಲ್ಲಿ ಕಡ್ಡಿಯ ಕೆಳಗೆ, ಗೆಣ್ಣು ಹೊರಕ್ಕೆ ಬಾಗಿದಂತೆ ಇರುವುದು. ಅದಕ್ಕೆ ಎದುರಾಗಿ ಮೇಲಿನಿಂದ ನಡುಬೆರಳು. ಇವೆರಡೂ ಸೇರಿ ಒಂದು ಉಂಗುರದಂತಾಗುತ್ತವೆ. ಹಿಡಿತದ ಆಧಾರ ಇದೇ. ಉಂಗುರದ ಬೆರಳು ತುಂಡಿನ ಬದಿಗೆ ಒರಗಿರುತ್ತದೆ. ತೋರುಬೆರಳು ತನ್ನ ನಡುಗೆಣ್ಣಿನ ಬಳಿಯಲ್ಲಿ ಕಡ್ಡಿಯನ್ನು ಮುಟ್ಟುತ್ತದೆ. ಕಿರುಬೆರಳು ಮಾತ್ರ ಬಾಗಿ, ತುದಿಯನ್ನಷ್ಟೇ ಕಡ್ಡಿಯ ಮೇಲೆ ಊರಿ ನಿಲ್ಲಬೇಕು. ಅದು ನೆಟ್ಟಗೆ ಸೆಟೆದುಕೊಂಡಿತೆಂದರೆ ಇಡೀ ಕೈ ಬಿಗಿಯಿತೆಂದೇ ತಿಳಿಯಬೇಕು.

ತೋರುಬೆರಳು ಮತ್ತು ಕಿರುಬೆರಳುಗಳ ಕೆಲಸ ತಕ್ಕಡಿಯ ಎರಡು ತಟ್ಟೆಗಳ ಕೆಲಸದಂತೆ. ಬುಡದಲ್ಲಿ ಎಳೆಯುವಾಗ ಕಮಾನಿನ ಭಾರವೆಲ್ಲ ತಂತಿಯ ಮೇಲೆ ಬೀಳುವುದರಿಂದ ಕಿರುಬೆರಳು ಅದನ್ನು ಎತ್ತಿ ಹಗುರಗೊಳಿಸಬೇಕು. ತುದಿಗೆ ಸಾಗಿದಂತೆ ಕಮಾನು ಹಗುರಾಗುವುದರಿಂದ ತೋರುಬೆರಳು ಮೆಲ್ಲನೆ ಒರಗಿ ಭಾರವನ್ನು ತುಂಬಿಕೊಡಬೇಕು. ಇದನ್ನು ಅರಿಯಲು ಪಿಟೀಲೇ ಬೇಡ. ಮೊದಲು ಪೆನ್ಸಿಲನ್ನು ಹೀಗೆ ಹಿಡಿದು ರೂಢಿಮಾಡಿ, ಬಳಿಕ ಕಮಾನನ್ನು ದೀಪದ ಕುಡಿಯಂತೆ ನೆಟ್ಟಗೆ ಹಿಡಿದು ನಿಧಾನವಾಗಿ ಅಡ್ಡ ಇಳಿಸಿದರೆ, ಭಾರವು ಕಿರುಬೆರಳಿಗೆ ಬರುವುದು ಸ್ಪಷ್ಟವಾಗಿ ತಿಳಿಯುತ್ತದೆ.

ಎಳೆತಕ್ಕೆ ಒಂದೇ ಕಟ್ಟಳೆ: ಕಮಾನು ಕುದುರೆಗೆ ಸಮಾನಾಂತರವಾಗಿ, ಕುದುರೆಗೂ ಬೆರಳಾಡುವ ಕಪ್ಪು ಹಲಗೆಗೂ ನಡುವೆ ಸಾಗಬೇಕು. ತೋಳು ತಾನಾಗಿ ಬೀಸಿದರೆ ಅರೆವೃತ್ತವನ್ನೇ ಬರೆಯುತ್ತದೆ. ಆದುದರಿಂದ ಬುಡದಿಂದ ನಡುವಿನವರೆಗೆ ಮೇಲ್ದೋಳು ಸರಿದು, ಅಲ್ಲಿಂದ ತುದಿಯವರೆಗೆ ಮೊಳಕೈ ಬಾಗಿಲಿನಂತೆ ಬಿಚ್ಚಿಕೊಳ್ಳಬೇಕು. ಎದುರಿಗೆ ಕನ್ನಡಿಯಿದ್ದರೆ ಗುರುವಿನ ಅರ್ಧ ಕೆಲಸವನ್ನು ಅದೇ ಮಾಡುತ್ತದೆ. ಪುರಂದರದಾಸರು ಹಾಕಿಕೊಟ್ಟ ಸರಳೆವರಸೆಗೆ ಹೋಗುವ ಮೊದಲು, ಮಧ್ಯಷಡ್ಜದ ತಂತಿಯನ್ನು ಬೆರಳಿಡದೆ, ಎಂಟೆಂಟು ಅಕ್ಷರಕಾಲ ಒಂದೇ ಎಳೆತದಲ್ಲಿ ನುಡಿಸುವ ಅಭ್ಯಾಸ ಕೆಲವು ವಾರವಾದರೂ ಆಗಬೇಕು. ಇದು ನೀರಸವೆಂದು ಹಾರಿಸಿದವರೇ ಮುಂದೆ ಅಟ್ಟ ಹುಡುಕುವವರು.

ಕೀರ್ತನೆಗೆ ಬಂದಾಗ ಕಮಾನು ಸ್ವರವನ್ನಷ್ಟೇ ಅಲ್ಲ, ಸಾಹಿತ್ಯವನ್ನೂ ನುಡಿಯಬೇಕು. ಎಳೆತ ಎಲ್ಲಿ ತಿರುಗುತ್ತದೆಯೋ ಅಲ್ಲಿ ಕೇಳುವವರಿಗೆ ಅಕ್ಷರ ತುಂಡಾದಂತೆ ತೋರುತ್ತದೆ. 'ಕರುಣಾಕರ' ಎಂಬ ಪದವನ್ನು 'ಕರು' ಎಂದಲ್ಲಿ ಕಡಿದು ನಿಲ್ಲಿಸಿದರೆ, ದೇವರ ದಯೆ ಹೋಗಿ ಹಟ್ಟಿಯ ಕರು ಬಂದು ನಿಲ್ಲುತ್ತದೆ! ಕಾಸರಗೋಡಿನಂಥ ಎರಡು ನುಡಿಗಳ ಸೀಮೆಯಲ್ಲಿ, ಶಾಲೆಯಲ್ಲಿ ಮಲಯಾಳವನ್ನೇ ಓದುವ ಮಕ್ಕಳು ದಾಸರ ಪದಗಳನ್ನು ಕಿವಿಯಿಂದಲೇ ಕಲಿಯುವುದರಿಂದ ಈ ಎಚ್ಚರ ಹೆಚ್ಚು ಬೇಕು. ಪಿಟೀಲಿನವನು ಪದ ಒಡೆದಲ್ಲಿ ಮಕ್ಕಳೂ ಒಡೆಯುತ್ತಾರೆ. ಒಡೆದ ಪದದ ಅರ್ಥವನ್ನು ಆಮೇಲೆ ಯಾರು ಕೂಡಿಸಿಕೊಡಬೇಕು? ನುಡಿಸುವವನು ಸಾಹಿತ್ಯವನ್ನು ಮೊದಲು ಬಾಯಲ್ಲಿ ಹಾಡಿ, ಉಸಿರು ಎಲ್ಲಿ ನಿಲ್ಲುವುದೆಂದು ಗುರುತಿಸಿಕೊಂಡು, ಬಳಿಕ ಕಮಾನನ್ನು ಎತ್ತುವುದು ಲೇಸು. ಗಮಕವಿರುವಲ್ಲಿ ಎಡಗೈ ಎಷ್ಟು ಆಡಿದರೂ ಕಮಾನು ಅಲುಗದೆ ಒಂದೇ ಎಳೆತದಲ್ಲಿ ಸಾಗಬೇಕು.

ಕೂದಲಿನ ಬಿಗಿ ಕಡ್ಡಿಗೂ ಕೂದಲಿಗೂ ನಡುವೆ ಪೆನ್ಸಿಲ್ ತೂರುವಷ್ಟಿದ್ದರೆ ಸಾಕು. ನುಡಿಸಿದ ಮೇಲೆ ತಿರುಪನ್ನು ತಿರುಗಿಸಿ ಸಡಿಲಿಸದಿದ್ದರೆ ಕಡ್ಡಿಯ ಬಾಗು ಕೆಡುತ್ತದೆ. ಕರಾವಳಿಯ ಮಳೆಗಾಲದಲ್ಲಿ ತೇವಕ್ಕೆ ಕೂದಲು ಜೋಲುವುದರಿಂದ ಬಿಗಿಯನ್ನು ಆಗಾಗ ನೋಡಿಕೊಳ್ಳಬೇಕು. ಎಣ್ಣೆ ತಾಗಿದ ಕೂದಲಿಗೆ ರಾಳ ಹತ್ತದು. ದೀಪಕ್ಕೆ ಎಣ್ಣೆ ಎರೆದ ಕೈ, ಗಂಧ ಪ್ರಸಾದ ಹಿಡಿದ ಕೈ, ತೊಳೆದು ಒರಸಿದ ಮೇಲೆಯೇ ಕಮಾನಿಗೆ ಹೋಗಬೇಕು.