ಕಡೂರು ಸೀಮೆಯ ಪಿಯಾನೋ ಕಲಿಗರಿಗೆ ಏಳು ಸೂತ್ರ

ಕಡೂರು, ತರೀಕೆರೆ, ಅಜ್ಜಂಪುರದ ಕಡೆ ಪಿಯಾನೋ ಇರುವ ಮನೆ ಸಿಗುವುದು ಅಪರೂಪ. ಆದರೆ ಇದೆಲ್ಲ ಕಡೂರು ಜಿಲ್ಲೆ ಎನಿಸಿಕೊಂಡಿದ್ದ ಕಾಲದ ಕೊನೆಯ ಮೈಸೂರು ಅರಸರು ಪಿಯಾನೋ ವಾದಕರಾಗಬೇಕೆಂದು ಆಸೆಪಟ್ಟವರು. ಜಯಚಾಮರಾಜ ಒಡೆಯರ್ (1919–1974) ಲಂಡನ್ನಿನ ಗಿಲ್ಡ್‌ಹಾಲ್ ಸಂಗೀತ ಶಾಲೆಯ ಲೈಸೆನ್ಶಿಯೇಟ್ ಡಿಪ್ಲೊಮಾ ಪಡೆದವರಾಗಿದ್ದರು. ಮಗ ಅಥವಾ ಮಗಳು ಪಿಯಾನೋ ಬೇಕೆಂದು ಹಟ ಹಿಡಿದಿದ್ದರೆ ಇದನ್ನು ಓದಿ.

1. ಊರ ಹಾರ್ಮೋನಿಯಂ ಮೇಷ್ಟ್ರಲ್ಲೇ ಶುರು ಮಾಡಿ. ಪೌರಾಣಿಕ ನಾಟಕ ಕಲಿಸುವವರ ಪೆಟ್ಟಿಗೆಯಲ್ಲಿರುವುದೂ ಅದೇ ಕಪ್ಪು–ಬಿಳಿ ಮನೆಗಳು. ಅಲ್ಲಿ ಎಡಗೈ ತಿದಿ ಒತ್ತುತ್ತದೆ. ಪಿಯಾನೋದಲ್ಲಿ ಅದಕ್ಕೂ ಬಲಗೈಯಷ್ಟೇ ದುಡಿಮೆ. ಎಡಗೈಯನ್ನು ಮೊದಲ ದಿನದಿಂದಲೇ ಪಳಗಿಸಿ.

2. ಅಗ್ಗದ ಕೀಬೋರ್ಡಿಗೆ ಮರುಳಾಗಬೇಡಿ. ಪಿಯಾನೋದಲ್ಲಿ ಕೀ ಒತ್ತಿದಾಗ ಒಳಗಿನ ಸುತ್ತಿಗೆ ತಂತಿಗೆ ಬಡಿಯುತ್ತದೆ. ಒತ್ತುವ ವೇಗದಂತೆ ನಾದ ಮೆದುವಾಗುತ್ತದೆ, ಗಟ್ಟಿಯಾಗುತ್ತದೆ. ಹಗುರ ಕೀಗಳಲ್ಲಿ ಈ ಹದ ಬೆರಳಿಗೆ ಬರುವುದೇ ಇಲ್ಲ. 88 ಕೀಗಳಿರುವ, ಒತ್ತಿದರೆ ಭಾರ ತಿಳಿಯುವ ಡಿಜಿಟಲ್ ಪಿಯಾನೋ ಸಾಕು. ನಿಜವಾದ ಪಿಯಾನೋ ತಂದರೆ ಮಳೆಗಾಲದ ತೇವಕ್ಕೆ ಮರ ಉಬ್ಬಿ ಶ್ರುತಿ ಕೆಡುತ್ತದೆ. ಆ ಖರ್ಚನ್ನೂ ಲೆಕ್ಕಕ್ಕೆ ಹಿಡಿಯಿರಿ.

3. ಒಂದೊಂದೇ ಕೈಯಲ್ಲಿ, ನಿಧಾನವಾಗಿ. ತಪ್ಪಿಲ್ಲದೆ ಬಂದ ಮೇಲೆ ವೇಗ.

4. ಗುರುಗಳಿಗಾಗಿ ರೈಲು ಹತ್ತಿ. ಕಡೂರು, ಅಜ್ಜಂಪುರ ಎರಡೂ ಬೆಂಗಳೂರು–ಹುಬ್ಬಳ್ಳಿ ಮಾರ್ಗದಲ್ಲಿವೆ. ತರೀಕೆರೆಯವರು ಬೀರೂರಿನ ಮೇಲೆ ಹೋಗಬೇಕು. 1987ರಲ್ಲಿ ಶುರುವಾದ ಬೆಂಗಳೂರು ಸ್ಕೂಲ್ ಆಫ್ ಮ್ಯೂಸಿಕ್‌ನಂಥ ಸಂಸ್ಥೆಗಳು ಬೆಂಗಳೂರಿನಲ್ಲಿವೆ. ಲಂಡನ್ನಿನ ಟ್ರಿನಿಟಿ ಕಾಲೇಜಿನ ಸಂಗೀತ ಪರೀಕ್ಷೆಯ ಎಂಟು ಗ್ರೇಡ್ ದಾಟುವುದು ಒಳ್ಳೆಯದೇ. ಆದರೆ ವರ್ಷವಿಡೀ ಪರೀಕ್ಷೆಯ ಮೂರೋ ನಾಲ್ಕೋ ಕೃತಿಗಳನ್ನಷ್ಟೇ ಉರು ಹೊಡೆದವರಿಗೆ ಪ್ರಮಾಣಪತ್ರ ಸಿಗುತ್ತದೆ, ಅಷ್ಟೇ.

5. ವೇದಿಕೆ ಕೈತಪ್ಪಿದರೂ ಸಂಗೀತ ಬಿಡಬೇಡಿ. 1940ರಲ್ಲಿ ಕೆಲವೇ ತಿಂಗಳ ಅಂತರದಲ್ಲಿ ಜಯಚಾಮರಾಜರ ತಂದೆ ಯುವರಾಜರೂ ದೊಡ್ಡಪ್ಪ ನಾಲ್ವಡಿ ಕೃಷ್ಣರಾಜ ಒಡೆಯರೂ ತೀರಿಕೊಂಡರು. 21ರ ಹುಡುಗ ಸಿಂಹಾಸನ ಏರಬೇಕಾಯಿತು, ಕಛೇರಿಯ ಕನಸು ಅಲ್ಲಿಗೆ ಮುಗಿಯಿತು. ಮುಂದೆ ಅವರು ಮಾಡಿದ್ದು ನೋಡಿ. ಲಂಡನ್ನಿನಲ್ಲಿ ಮೂಲೆಗುಂಪಾಗಿದ್ದ ರಷ್ಯನ್ ಪಿಯಾನೋ ವಾದಕ, ಸಂಗೀತಕಾರ ನಿಕೊಲಾಯ್ ಮೆಟ್ನರ್ ತಮ್ಮ ಕೃತಿಗಳನ್ನು ತಾವೇ ನುಡಿಸಿ ಧ್ವನಿಮುದ್ರಿಸಲು ಹಣ ಕೊಟ್ಟರು. ಫಿಲ್‌ಹಾರ್ಮೋನಿಯಾ ಕಾನ್ಸರ್ಟ್ ಸೊಸೈಟಿಯ ಮೊದಲ ಅಧ್ಯಕ್ಷರಾದರು. 1950ರ ಮೇ 22ರಂದು ರಾಯಲ್ ಆಲ್ಬರ್ಟ್ ಹಾಲ್‌ನಲ್ಲಿ ಜರ್ಮನ್ ಸಂಗೀತಕಾರ ರಿಚರ್ಡ್ ಸ್ಟ್ರಾಸ್‌ನ ಕೊನೆಯ ನಾಲ್ಕು ಹಾಡುಗಳು ಮೊದಲ ಸಲ ಕೇಳಿಸಿದ್ದಕ್ಕೂ ಮೈಸೂರಿನ ದುಡ್ಡಿನ ಆಸರೆ ಇತ್ತು. ಅರಮನೆಯ ಬೊಕ್ಕಸ ನಮಗಿಲ್ಲ ನಿಜ. ಊರಲ್ಲೊಂದು ಕಛೇರಿಗೆ ಟಿಕೆಟ್ ಕೊಳ್ಳುವಷ್ಟು ಎಲ್ಲರಿಗೂ ಇದೆ.

6. ಗಮಕ ಬೇಕೆಂದರೆ ವೀಣೆಗೆ ಹೋಗಿ. ಪಿಯಾನೋದ ಸ್ವರ ಒತ್ತಿದಲ್ಲೇ ನಿಲ್ಲುತ್ತದೆ, ತೋಡಿ ರಾಗದ ಓಲಾಟ ಅದರಿಂದಾಗದು. ಮಹಾರಾಜರು ವೀಣೆಯನ್ನೂ ಕಲಿತರು. ಮೈಸೂರು ವಾಸುದೇವಾಚಾರ್ಯರ ಮಾರ್ಗದರ್ಶನದಲ್ಲಿ ‘ಶ್ರೀವಿದ್ಯಾ’ ಅಂಕಿತದ 94 ಕೃತಿ ರಚಿಸಿದರು. ಪಿಯಾನೋದಲ್ಲೇ ಕೀರ್ತನೆ ನುಡಿಸಿಬಿಡುತ್ತೇವೆಂಬ ಹಟ ನನಗಂತೂ ಹಿಡಿಸದು.

7. ನುಡಿಸುವುದಕ್ಕಿಂತ ಹೆಚ್ಚು ಕೇಳಿ. ಮೆಟ್ನರ್ ತಮ್ಮ ಮೂರನೇ ಪಿಯಾನೋ ಕಾನ್ಸರ್ಟೋವನ್ನು ಅರ್ಪಿಸಿದ್ದು ಮೈಸೂರು ಮಹಾರಾಜರಿಗೇ. ಈ ವಾರ ಅದನ್ನೇ ಹುಡುಕಿ, ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಪೂರ್ತಿ ಕೇಳಿ.