ಭೂಮಿತಿ ತೀರ್ಪನ್ನು ಓದುವ ಬಗೆ

ಮನೆಯಲ್ಲಿ ಹಳೆಯ ಭೂಮಿತಿ (ಇಟ್ಟುಕೊಳ್ಳಬಹುದಾದ ಜಮೀನಿನ ಗರಿಷ್ಠ ಮಿತಿ) ಕಡತ ಇರುವವರಿಗೂ ಕಾನೂನು ಓದಲು ಈಗಷ್ಟೇ ತೊಡಗಿದವರಿಗೂ ಇಂಥ ತೀರ್ಪುಗಳು ಬೇಗ ದಣಿವು ತರುತ್ತವೆ. ಎಕರೆಯ ಲೆಕ್ಕ ಹುಡುಕಿಕೊಂಡು ಹೋದರೆ ಎದುರಾಗುವುದು ಸಂವಿಧಾನದ ವಿಧಿಗಳು. ಕಾಸರಗೋಡಿನ ನೆಲದಿಂದ ಹೊರಟ ಎರಡು ಮೊಕದ್ದಮೆಗಳನ್ನು ಜೊತೆಗಿಟ್ಟುಕೊಂಡು ಓದಿ, ದಾರಿ ಸಿಗುತ್ತದೆ.

ಹಂತ 1: ನೆಲದ ಹಿನ್ನೆಲೆ ನೋಡಿ

ತಾಲ್ಲೂಕಿನ ಹೆಸರಿಗೆ ಮೊದಲು ಗೆರೆ ಎಳೆಯಿರಿ. ಎರಡರಲ್ಲಿ ಮೊದಲನೆಯದಾದ 1961ರ ಕುಂಞಿಕೋಮನ್ ಪ್ರಕರಣ ತಿರುಗಿದ್ದೇ ಅಲ್ಲಿ. ಕಾಸರಗೋಡು, ಹೊಸದುರ್ಗದ ಸೀಮೆ 1956ರವರೆಗೆ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿತ್ತು, ಜಮೀನುಗಳು ರೈತವಾರಿ, ಅಂದರೆ ರೈತ ನೇರವಾಗಿ ಸರ್ಕಾರಕ್ಕೆ ಕಂದಾಯ ಕಟ್ಟುವಂಥವು. ಭೂಸುಧಾರಣೆಗೆ ಕವಚವಾಗಿದ್ದ 31ಎ ವಿಧಿ ಆಗ 'ಎಸ್ಟೇಟ್'ಗಳಿಗಷ್ಟೇ ಅನ್ವಯಿಸುತ್ತಿತ್ತು. ಇಲ್ಲಿನ ರೈತವಾರಿ ಜಮೀನು ಎಸ್ಟೇಟ್ ಅಲ್ಲವೆಂದ ಸುಪ್ರೀಂ ಕೋರ್ಟ್, ಭೂಮಿತಿ ಹಾಕಿದ್ದ ಕೇರಳದ ಕಾಯ್ದೆಯನ್ನು ಆ ಜಮೀನುಗಳ ಮಟ್ಟಿಗೆ ಅಸಿಂಧುಗೊಳಿಸಿತು.

ಹಂತ 2: 'ಕುಟುಂಬ' ಎಂದರೆ ಯಾರು, ಬೆಳೆ ಯಾವುದು?

ಇಲ್ಲಿ ಅವಸರ ಬೇಡ. ಮಿತಿ ಎಷ್ಟೇ ಇರಲಿ, ಅದನ್ನು ಯಾರ ಹೆಸರಿಗೆ ಎಣಿಸುತ್ತಾರೆ ಎಂಬುದರಲ್ಲೇ ಅರ್ಧ ವ್ಯಾಜ್ಯ ಅಡಗಿರುತ್ತದೆ. ಕೇರಳದ ಆ ಕಾಯ್ದೆಯ ಪ್ರಕಾರ ಕುಟುಂಬವೆಂದರೆ ಗಂಡ, ಹೆಂಡತಿ, ಮದುವೆಯಾಗದ ಅಪ್ರಾಪ್ತ ಮಕ್ಕಳು. ಅವಿಭಕ್ತ ಕುಟುಂಬಗಳೂ ಅಳಿಯಸಂತಾನದ ಮನೆಗಳೂ ಇದ್ದ ಊರುಗಳಿಗೆ ಈ ಅಳತೆ ಹೊಂದುತ್ತಿರಲಿಲ್ಲ. ನ್ಯಾಯಾಲಯ ಇದನ್ನು ಕೃತಕ ಎಂದಿತು. ಇನ್ನೊಂದು ತಕರಾರು ನಮ್ಮ ಕರಾವಳಿಯ ಓದುಗರಿಗೆ ತಟ್ಟನೆ ನಾಟೀತು: ಚಹಾ, ಕಾಫಿ, ರಬ್ಬರ್ ತೋಟಗಳಿಗೆ ಸಿಕ್ಕ ವಿನಾಯಿತಿ ಅಡಿಕೆ, ಮೆಣಸಿಗೆ ಇರಲಿಲ್ಲ. ಅದೂ ಸಮಾನತೆಗೆ ವಿರುದ್ಧವೆಂದಾಯಿತು. ನಿಮ್ಮ ಕಡತದಲ್ಲೂ ಈ ಎರಡನ್ನು ಮೊದಲು ಹುಡುಕಿ.

ಹಂತ 3: ತಾರೀಖು ಜೋಡಿಸಿ

ತೀರ್ಪಿನ ಪಕ್ಕದಲ್ಲಿ ತಿದ್ದುಪಡಿಗಳ ವರ್ಷ ಬರೆದುಕೊಳ್ಳಿ. 1964ರ 17ನೇ ತಿದ್ದುಪಡಿ ರೈತವಾರಿಯನ್ನೂ 'ಎಸ್ಟೇಟ್' ಒಳಗೆ ತಂದಿತು. ಮಿತಿಯೊಳಗಿನ, ಸ್ವಂತ ಸಾಗುವಳಿಯ ಜಮೀನನ್ನು ಸರ್ಕಾರ ವಹಿಸಿಕೊಂಡರೆ ಮಾರುಕಟ್ಟೆ ದರಕ್ಕೆ ಕಡಿಮೆಯಿಲ್ಲದ ಪರಿಹಾರ ಕೊಡಬೇಕೆಂದು ಸೇರಿಸಿದ್ದೂ ಅದೇ. ಸಣ್ಣ ರೈತನಿಗೆ ಇದಕ್ಕಿಂತ ಮುಖ್ಯವಾದ ಸಾಲು ಇಡೀ 31ಎ ವಿಧಿಯಲ್ಲಿಲ್ಲ.

ಹಂತ 4: ಪ್ರಶ್ನೆ ಯಾವುದೆಂದು ಬೇರ್ಪಡಿಸಿ

ಎಷ್ಟು ಎಕರೆ ಎಂಬುದು ಒಂದು ಪ್ರಶ್ನೆ. ಮಿತಿ ಹಾಕುವ ಅಧಿಕಾರ ಎಲ್ಲಿಯವರೆಗೆ ಎಂಬುದು ಇನ್ನೊಂದು. ಎರಡನೆಯ ಮೊಕದ್ದಮೆಯಲ್ಲಿ ಇದು ಕಾಣುತ್ತದೆ: ಕಾಸರಗೋಡಿನ ಎಡನೀರು ಮಠದ ಕೇಶವಾನಂದ ಭಾರತಿ ಸ್ವಾಮೀಜಿ 1970ರಲ್ಲಿ ಕೇರಳ ಭೂಸುಧಾರಣಾ ಕಾಯ್ದೆಯನ್ನು ಪ್ರಶ್ನಿಸಿದಾಗ ವಿಷಯ ಮಠದ ಜಮೀನು. 13 ನ್ಯಾಯಮೂರ್ತಿಗಳು 68 ದಿನ ಕೇಳಿದ್ದು ಮಾತ್ರ ಸಂವಿಧಾನವನ್ನು ಸಂಸತ್ತು ಎಲ್ಲಿಯವರೆಗೆ ತಿದ್ದಬಹುದು ಎಂಬುದನ್ನು.

ಹಂತ 5: ಕೊನೆಗೆ ಜಮೀನು ಏನಾಯಿತು?

1973ರ ಏಪ್ರಿಲ್ 24ರಂದು 7–6 ಬಹುಮತದಲ್ಲಿ ಮೂಲ ಸ್ವರೂಪದ ಸಿದ್ಧಾಂತ ಹುಟ್ಟಿತು: ಸಂಸತ್ತು ಸಂವಿಧಾನವನ್ನು ತಿದ್ದಬಹುದು, ಅದರ ಮೂಲ ಸ್ವರೂಪವನ್ನು ಕೆಡಿಸುವಂತಿಲ್ಲ. ಆದರೆ ಕೇರಳದ ಭೂಸುಧಾರಣಾ ತಿದ್ದುಪಡಿ ಕಾಯ್ದೆಗಳನ್ನು, ಕಾಯ್ದೆಗಳಿಗೆ ಕೋರ್ಟಿನ ಪರಿಶೀಲನೆಯಿಂದ ರಕ್ಷಣೆ ಕೊಡುವ ಸಂವಿಧಾನದ 9ನೇ ಅನುಸೂಚಿಗೆ ಸೇರಿಸಿದ 29ನೇ ತಿದ್ದುಪಡಿ ಉಳಿಯಿತು. ಮಠ ಬಯಸಿದ ಪರಿಹಾರ ದೊರೆಯಲಿಲ್ಲ. ಇಂಥ ತೀರ್ಪುಗಳಲ್ಲಿ ಒಡೆಯರ ವಾದ, ಸರ್ಕಾರದ ವಾದ ಪುಟಗಟ್ಟಲೆ ಸಿಗುತ್ತವೆ. ಹೆಚ್ಚುವರಿ ಜಮೀನಿಗಾಗಿ ಕಾದು ಕೂತ ಕೂಲಿಯವರ ಮಾತು ಎಲ್ಲಾದರೂ ದಾಖಲಾಗಿದೆಯೇ ನೋಡಿ. ನಾನು ಪ್ರತಿ ಸಲ ಅದನ್ನೇ ಹುಡುಕುತ್ತೇನೆ.

ಹಂತ 6: ಅನುಸೂಚಿ ಪರೀಕ್ಷಿಸಿ

ನಿಮ್ಮ ಕಾಯ್ದೆ 9ನೇ ಅನುಸೂಚಿಗೆ ಸೇರಿದ್ದು 1973ರ ಆ ದಿನದ ಮೊದಲೋ, ಅನಂತರವೋ? ಆಮೇಲೆ ಸೇರಿದ್ದಾದರೆ, ಸುಪ್ರೀಂ ಕೋರ್ಟಿನ 2007ರ ಕೊಯೆಲೊ ತೀರ್ಪಿನಂತೆ ಅದು ಮೂಲ ಸ್ವರೂಪಕ್ಕೆ ಧಕ್ಕೆ ತರುತ್ತದೆಯೇ ಎಂದು ನ್ಯಾಯಾಲಯ ಪರಿಶೀಲಿಸಬಹುದು. ಆ ತಾರೀಖನ್ನು ಕಡತದ ಮೇಲೆಯೇ ಬರೆದಿಟ್ಟು ವಕೀಲರ ಬಳಿ ಹೋಗಿ.