ಅಜ್ಜಿಗೊಂದು ಪೆಟ್ಟಿಗೆ: ಅಟ್ಟದ ವಸ್ತುಗಳಿಂದ ಮೊದಲ ಕಲಾಕೃತಿ

ಅಟ್ಟ ಗುಡಿಸಿದ ದಿನ ಮನೆಯ ಅರ್ಧ ಚರಿತ್ರೆ ಗುಜರಿಯವನ ಗಾಡಿ ಏರುತ್ತದೆ. ಗುಬ್ಬಿಯಲ್ಲಂತೂ ಇನ್ನಷ್ಟು ಎಚ್ಚರ ಬೇಕು. 1884ರಲ್ಲಿ ನಾಟಕ ಕಂಪನಿ ಹುಟ್ಟಿದ ಊರಿದು. ಆ ಕಂಪನಿ ನಡೆಸಿದ ಗುಬ್ಬಿ ವೀರಣ್ಣನವರ ಕಾಲದ ಹ್ಯಾಂಡ್‌ಬಿಲ್ಲು ಯಾರ ಟ್ರಂಕಿನ ತಳಕ್ಕೆ ಹಾಸಿದೆಯೋ!

ಹಳೆ ಸಾಮಾನು ಕಲೆಯಾದೀತೇ ಎಂಬ ಅನುಮಾನವಿದ್ದರೆ ಭದ್ರಾವತಿಯಲ್ಲಿ ಹುಟ್ಟಿದ ಕಲಾವಿದೆ ಶೀಲಾ ಗೌಡರನ್ನು ನೆನೆಯಿರಿ. ದೃಷ್ಟಿ ತಾಗದಿರಲೆಂದು ಗಾಡಿಗಳಿಗೆ ಕಟ್ಟುವ ಕೂದಲ ಹಗ್ಗ ಮತ್ತು ಕಾರಿನ ಬಂಪರುಗಳಿಂದಲೇ ಅವರು ಮಾಡಿದ ಕೃತಿ 2009ರ ವೆನಿಸ್ ಬಿನಾಲೆಯಲ್ಲಿತ್ತು.

ಬೇಕಾಗುವವು: ಹಳೆ ಮೇಜಿನ ಡ್ರಾಯರ್, ಅಡಿಕೆ ಹಾಳೆ, ದಬ್ಬಣ, ನೂಲು, ಮೈದಾ, ಪೆನ್ಸಿಲ್.

ಹಂತ 1: ಒಬ್ಬರು, ಒಂದೇ ಪ್ರಶ್ನೆ. ಇಡೀ ವಂಶವನ್ನು ತುಂಬಲು ಹೋಗಬೇಡಿ. ‘ಓದು ಬಾರದ ಅಜ್ಜಿ ಅಡಿಕೆ ಲೆಕ್ಕ ಹೇಗಿಡುತ್ತಿದ್ದಳು?’ ಇಷ್ಟು ಸಾಕು.

ಹಂತ 2: ಐದು ವಸ್ತು ಹುಡುಕಿ. ಪಾವು, ಅಡಕತ್ತರಿ, ಎಲೆಅಡಿಕೆ ಸಂಚಿ, ಇನ್‌ಲ್ಯಾಂಡ್ ಲೆಟರು, ಸೀರೆ ತುಂಡು. ಒಣ ಬ್ರಷ್ಷಿನಿಂದ ದೂಳು ಕೊಡವಿ, ನೆರಳಲ್ಲಿ ಗಾಳಿಗಿಡಿ. ಪಾವಿಗೆ ಹುಣಸೆಹಣ್ಣು ಹಾಕಿ ತಿಕ್ಕಬೇಡಿ; ಅಜ್ಜಿಯ ಕೈ ಸವೆಸಿದ ಗುರುತು ಇರುವುದು ಆ ಮಾಸಿದ ಹೊಳಪಿನಲ್ಲೇ.

ಹಂತ 3: ಕೇಳಿ, ಬರೆದುಕೊಳ್ಳಿ. ವಸ್ತುವನ್ನು ಮನೆಯ ಹಿರಿಯರ ಕೈಗೆ ಕೊಟ್ಟು ಸುಮ್ಮನೆ ಕುಳಿತಿರಿ. ‘ಇದು ಯಾವುದು?’ ಎಂದು ಕೇಳುವುದಕ್ಕಿಂತ ‘ಇದನ್ನು ಎಲ್ಲಿಡುತ್ತಿದ್ದರು?’ ಎಂದು ಕೇಳಿದರೆ ಮಾತು ಬೇಗ ಬಿಚ್ಚುತ್ತದೆ.

ಹಂತ 4: ಹಾಳೆ ಹದಮಾಡಿ. ಅಡಿಕೆ ಹಾಳೆಯನ್ನು ಮೆತ್ತಗಾಗುವವರೆಗೆ ನೆನೆಸಿ, ಡ್ರಾಯರಿನ ಅಳತೆಗೆ ಕತ್ತರಿಸಿ, ಕಲ್ಲು ಹೇರಿ ಒಣಗಿಸಿ. ಹೇರದಿದ್ದರೆ ಸುರುಟುತ್ತದೆ, ಪೂರ್ತಿ ಒಣಗದಿದ್ದರೆ ಬೂಸ್ಟು ಹಿಡಿಯುತ್ತದೆ. ಇದೇ ನಿಮ್ಮ ಹಿನ್ನೆಲೆ ಪರದೆ.

ಹಂತ 5: ಅಂಟು ಕಾಯಿಸಿ. ಒಂದು ಅಳತೆ ಮೈದಾಕ್ಕೆ ಐದು ಅಳತೆ ನೀರು. ಸಣ್ಣ ಉರಿಯಲ್ಲಿ ಗಂಟಾಗದಂತೆ ತಿರುವಿ, ಆರಿಸಿ. ಈ ಅಂಟನ್ನು ಮುಂದೆಂದಾದರೂ ನೀರು ತಾಗಿಸಿ ಬಿಡಿಸಬಹುದು. ಸೆಲ್ಲೋಟೇಪು ಬೇಡ, ಕಾಲ ಕಳೆದಂತೆ ಕಾಗದಕ್ಕೆ ಹಳದಿ ಕಲೆ ಹಿಡಿಸುತ್ತದೆ. ಮೂಲ ಫೋಟೊ, ಮೂಲ ಪತ್ರ ಎಂದೂ ಅಂಟಿಸಬೇಡಿ, ಜೆರಾಕ್ಸ್ ಅಂಟಿಸಿ. ಇಂಕ್‌ಜೆಟ್ ಪ್ರಿಂಟಿನ ಮಸಿ ಅಂಟಿನ ತೇವಕ್ಕೆ ಹರಡುತ್ತದೆ, ಜೆರಾಕ್ಸಿನದು ಹರಡುವುದಿಲ್ಲ.

ಹಂತ 6: ಜೋಡಿಸಿ, ಕಾಯಿರಿ. ಡ್ರಾಯರಿನೊಳಗೆ ಹಾಳೆ ಹಾಸಿ, ಅದರ ಮೇಲೆ ವಸ್ತುಗಳನ್ನಿಟ್ಟು, ಏನನ್ನೂ ಅಂಟಿಸದೆ ಮೂರು ದಿನ ಹಾಗೇ ಬಿಟ್ಟು ನೋಡಿ. ಪ್ರಶ್ನೆಗೆ ಸಂಬಂಧಪಡದ್ದನ್ನು, ಅದೆಷ್ಟೇ ಚೆಂದವಿರಲಿ, ಹೊರತೆಗೆಯಿರಿ. ಹಾಳೆಗೆ ದಬ್ಬಣದಿಂದ ತೂತು ಮಾಡಿ, ಭಾರದ ವಸ್ತುಗಳನ್ನು ನೂಲಿನಲ್ಲಿ ಅದಕ್ಕೆ ಬಿಗಿಯಿರಿ. ಕಾಗದ, ಬಟ್ಟೆಗೆ ಮಾತ್ರ ಅಂಟು.

ಹಂತ 7: ಒಂದು ಜಾಗ ಖಾಲಿ ಬಿಡಿ. ಅಜ್ಜಿ ಲೆಕ್ಕಕ್ಕೆ ಗೋಡೆಯ ಮೇಲೆ ಇದ್ದಿಲ ಗೆರೆ ಎಳೆಯುತ್ತಿದ್ದಳು ಎಂದು ಯಾರೋ ಹೇಳಿಯಾರು. ಆ ಗೋಡೆ ಈಗಿಲ್ಲವೆಂದು ನೀವೇ ಹೊಸ ಗೆರೆ ಎಳೆಯಬೇಡಿ. ಹೋದದ್ದು ಹೋಗಿದೆ ಎಂದು ತೋರಿಸುವುದೂ ಕೃತಿಯ ಕೆಲಸವೇ.

ಕೊನೆಗೆ ಡ್ರಾಯರಿನ ಬೆನ್ನ ಮೇಲೆ ಯಾರ ವಸ್ತು, ಯಾರು ಹೇಳಿದ್ದು, ಯಾವ ದಿನ ಎಂದು ಪೆನ್ಸಿಲಿನಲ್ಲಿ ಬರೆಯಿರಿ. ನಾಳೆ ಇದೂ ಯಾರದೋ ಅಟ್ಟ ಸೇರುವ ಸಾಮಾನೇ.